ಕೀತ್ ರಿಚರ್ಡ್ಸ್ ಕೇಳಿ ಬೆಳೆದ ಹಳೇ ರೆಕಾರ್ಡುಗಳು: ಪದೇ ಪದೇ ಕೇಳುವ ಪ್ರಶ್ನೆಗಳು

ಇಂಗ್ಲೆಂಡಿನ ರಾಕ್ ಬ್ಯಾಂಡ್ ರೋಲಿಂಗ್ ಸ್ಟೋನ್ಸ್ ಹಾಡುಗಳ ರುಚಿ ಹತ್ತಿದವರು ಒಂದಲ್ಲ ಒಂದು ದಿನ ಅಮೆರಿಕದ ಆರ್ ಅಂಡ್ ಬಿ ಕಲಾವಿದರಾದ ಚಕ್ ಬೆರಿ, ಮಡ್ಡಿ ವಾಟರ್ಸ್, ಜಿಮ್ಮಿ ರೀಡ್ ಹೆಸರುಗಳ ಹತ್ತಿರ ಬಂದೇ ಬರುತ್ತಾರೆ. ಆಮೇಲೆ ಪ್ರಶ್ನೆಗಳು ಶುರು. ಯಾರಿಂದ ಏನು ಬಂತು? ಕಲಿತಿದ್ದೆಷ್ಟು, ಎತ್ತಿಕೊಂಡಿದ್ದೆಷ್ಟು? ನನ್ನ ಅಭಿಪ್ರಾಯ ಮೊದಲೇ ಹೇಳಿಬಿಡುತ್ತೇನೆ. ಸ್ಟೋನ್ಸ್‌ನ ಗಿಟಾರ್ ವಾದಕ ಕೀತ್ ಆ ರೆಕಾರ್ಡುಗಳಿಂದ ಕಲಿತಿದ್ದು ಮುಂದೆ ನಿಂತು ಸೋಲೋ ಬಾರಿಸುವುದನ್ನಲ್ಲ. ಹಾಡುವವರ ಬೆನ್ನ ಹಿಂದೆ ಏನು ನಡೆಯುತ್ತದೆ ಅನ್ನುವುದನ್ನು. ಅವರ ಒಳ್ಳೆಯ ಹಾಡುಗಳೆಲ್ಲ ಹುಟ್ಟಿದ್ದು ಅಲ್ಲೇ.

ಆರ್ ಅಂಡ್ ಬಿ ಅಂದರೆ ಈಗ ರೇಡಿಯೋದಲ್ಲಿ ಬರುವ ಆರ್ ಅಂಡ್ ಬಿ ತಾನೇ?

ಹೆಸರು ಅದೇ, ಸಂಗೀತ ಬೇರೆ. 1940ರ ದಶಕದ ಕೊನೆಯವರೆಗೂ ಅಮೆರಿಕದಲ್ಲಿ ಕಪ್ಪು ಜನರಿಗಾಗಿ ಮಾಡಿದ ರೆಕಾರ್ಡುಗಳನ್ನು ‘ರೇಸ್ ರೆಕಾರ್ಡ್ಸ್’ ಅನ್ನುತ್ತಿದ್ದರು. ‘ಬಿಲ್‌ಬೋರ್ಡ್’ ಪತ್ರಿಕೆಯಲ್ಲಿದ್ದ ಜೆರಿ ವೆಕ್ಸ್ಲರ್‌ಗೆ ಆ ಮಾತು ಸರಿ ಕಾಣಲಿಲ್ಲ. 1949ರ ಜೂನ್‌ನಲ್ಲಿ ಪತ್ರಿಕೆ ಆ ಪಟ್ಟಿಯ ಹೆಸರನ್ನೇ ‘ರಿದಮ್ ಅಂಡ್ ಬ್ಲೂಸ್’ ಎಂದು ಬದಲಾಯಿಸಿತು. ಹಾಗಾಗಿ ಇದು ಮೊದಲಿಗೆ ಒಂದು ಶೈಲಿಯ ಹೆಸರಲ್ಲ, ಅಂಗಡಿಯ ಕಪಾಟಿನ ಹೆಸರು. ಲೂಯಿ ಜಾರ್ಡನ್‌ನ ಕುಣಿಸುವ ಹಾಡುಗಳು, ಮಡ್ಡಿ ವಾಟರ್ಸ್‌ನ ಶಿಕಾಗೋ ಬ್ಲೂಸ್, ಚಕ್ ಬೆರಿಯ ಕಾರು-ಹುಡುಗಿ-ಶಾಲೆ ಹಾಡುಗಳು, ಎಲ್ಲವೂ ಆ ಕಪಾಟಿನೊಳಗೇ ಬಂದವು.

ಇಂಗ್ಲೆಂಡಿನ ಹುಡುಗರಿಗಂತೂ ಈ ಗೆರೆಗಳು ಗೊತ್ತೇ ಇರಲಿಲ್ಲ. ಅವರಿಗೆ ಎಲ್ಲವೂ ಶಿಕಾಗೋದಿಂದ ಬಂದ ಸದ್ದು.

ಕೀತ್ ರಿಚರ್ಡ್ಸ್ ಬರೀ ಗಿಟಾರ್ ವಾದಕ ಅಲ್ವಾ? ಹಾಡು ಬರೆಯುವುದು ಜ್ಯಾಗರ್ ಅಲ್ಲವೇ?

ಇಬ್ಬರೂ. ಹಾಡುಗಳ ಮೇಲೆ ಜ್ಯಾಗರ್/ರಿಚರ್ಡ್ಸ್ ಎಂದೇ ಇರುತ್ತದೆ. ಸಾಮಾನ್ಯವಾಗಿ ಕೀತ್ ಒಂದು ರಿಫ್, ಅಂದರೆ ಮತ್ತೆ ಮತ್ತೆ ಬರುವ ಸಣ್ಣ ಗಿಟಾರ್ ತುಣುಕು, ಅದರ ಜತೆ ಒಂದೆರಡು ಸಾಲು ತರುತ್ತಾರೆ. ಉಳಿದ ಸಾಹಿತ್ಯ ಬ್ಯಾಂಡಿನ ಗಾಯಕ ಮಿಕ್ ಜ್ಯಾಗರ್ ತುಂಬುತ್ತಾರೆ. ಎಲ್ಲ ಹಾಡಿಗೂ ಈ ಲೆಕ್ಕ ಕೂಡುವುದಿಲ್ಲ. ‘ಬ್ರೌನ್ ಶುಗರ್’ ರಿಫ್ ಕೀತ್ ಶೈಲಿಯಲ್ಲೇ ಇದ್ದರೂ ಕಟ್ಟಿದ್ದು ಮಿಕ್.

ಲಂಡನ್ ಹತ್ತಿರದ ಹುಡುಗನಿಗೆ ಶಿಕಾಗೋ ರೆಕಾರ್ಡು ಸಿಕ್ಕಿದ್ದು ಹೇಗೆ?

ಕಷ್ಟಪಟ್ಟು. ಕೀತ್ ಹುಟ್ಟಿದ್ದು 1943ರ ಡಿಸೆಂಬರ್ 18ರಂದು, ಕೆಂಟ್‌ನ ಡಾರ್ಟ್‌ಫರ್ಡ್‌ನಲ್ಲಿ. ಮನೆಯಲ್ಲಿ ಸಂಗೀತವಿತ್ತು. ತಾಯಿ ಡೋರಿಸ್ ರೇಡಿಯೋದಲ್ಲಿ ಒಳ್ಳೆಯದನ್ನೇ ಹುಡುಕಿ ಕೇಳುವವರು. ತಾಯಿಯ ತಂದೆ ಗಸ್ ಡುಪ್ರೀ ಡ್ಯಾನ್ಸ್ ಬ್ಯಾಂಡ್ ನಡೆಸಿದವರು, ಮೊಮ್ಮಗನ ಕೈಗೆ ಗಿಟಾರ್ ರುಚಿ ಹತ್ತಿಸಿದ್ದೇ ಅವರು. ಆದರೆ ಬಿಬಿಸಿಯಲ್ಲಿ ರೆಕಾರ್ಡು ಹಾಕುವುದೇ ಕಡಿಮೆ. ದಿನಕ್ಕೆ ಇಷ್ಟೇ ಹೊತ್ತು ರೆಕಾರ್ಡು ಹಾಕಬೇಕು, ಉಳಿದಿದ್ದನ್ನು ವಾದ್ಯದವರನ್ನು ಕೂರಿಸಿ ನುಡಿಸಬೇಕು ಅನ್ನುವ ಒಪ್ಪಂದವಿತ್ತು. ಹಾಗಾಗಿ ಹುಡುಗರು ರಾತ್ರಿ ರೇಡಿಯೋ ಲಕ್ಸೆಂಬರ್ಗ್ ಹಿಡಿಯುತ್ತಿದ್ದರು. ಅದರ ಸದ್ದು ಬರುವುದು, ಹೋಗುವುದು. 1956ರಲ್ಲಿ ಎಲ್ವಿಸ್‌ನ ‘ಹಾರ್ಟ್‌ಬ್ರೇಕ್ ಹೋಟೆಲ್’ ಕೀತ್ ಕಿವಿಗೆ ಬಿದ್ದಿದ್ದೂ ಹೀಗೇ. ಹಾಡಿನ ಮಧ್ಯೆ ಸ್ಟೇಷನ್ ಕೈಕೊಟ್ಟರೆ ರೇಡಿಯೋ ಎತ್ತಿಕೊಂಡು ಕೋಣೆಯಲ್ಲಿ ಓಡಾಡಬೇಕು.

ರೆಕಾರ್ಡು ಬೇಕೆಂದರೆ ಇನ್ನೊಂದು ಪಾಡು. ಶಿಕಾಗೋದ ಚೆಸ್ ರೆಕಾರ್ಡ್ ಕಂಪನಿಯ ಕೆಲವು ಹಾಡುಗಳು ಬ್ರಿಟನ್‌ನಲ್ಲಿ ಬಿಡುಗಡೆಯಾಗುತ್ತಿದ್ದವು, ಎಲ್ಲವೂ ಅಲ್ಲ. ಮಿಕ್ ಜ್ಯಾಗರ್ ಶಿಕಾಗೋಗೇ ನೇರವಾಗಿ ಕಾಗದ ಬರೆದು, ದುಡ್ಡು ಕಳಿಸಿ, ಅಂಚೆಯಲ್ಲಿ ಎಲ್‌ಪಿ, ಅಂದರೆ ಹಲವು ಹಾಡುಗಳ ದೊಡ್ಡ ರೆಕಾರ್ಡು, ತರಿಸುತ್ತಿದ್ದರು. ಆ ಪಾರ್ಸೆಲ್ ಕಳಿಸುವ ವಿಭಾಗದಲ್ಲಿ ಕಂಪನಿ ಯಜಮಾನ ಲೆನರ್ಡ್ ಚೆಸ್‌ನ ಮಗ ಮಾರ್ಷಲ್ ಹುಡುಗನಾಗಿದ್ದಾಗ ಕೆಲಸ ಮಾಡಿದ್ದ. ಮುಂದೆ ಅದೇ ಮಾರ್ಷಲ್ ಚೆಸ್ ರೋಲಿಂಗ್ ಸ್ಟೋನ್ಸ್ ರೆಕಾರ್ಡ್ಸ್ ಕಂಪನಿಯ ಮೊದಲ ಮುಖ್ಯಸ್ಥನಾದ.

ಮಿಕ್, ಕೀತ್ ರೈಲ್ವೆ ಸ್ಟೇಷನ್‌ನಲ್ಲಿ ಭೇಟಿಯಾದ ಕಥೆ ನಿಜವೇ, ಆಮೇಲೆ ಕಟ್ಟಿದ್ದೇ?

ನಿಜ. 1961ರ ಅಕ್ಟೋಬರ್‌ನಲ್ಲಿ, ಡಾರ್ಟ್‌ಫರ್ಡ್ ಸ್ಟೇಷನ್‌ನ ಎರಡನೇ ಪ್ಲಾಟ್‌ಫಾರಂನಲ್ಲಿ. ಕೀತ್ ಸಿಡ್‌ಕಪ್ ಆರ್ಟ್ ಕಾಲೇಜಿಗೆ ಹೊರಟಿದ್ದರು, ಮಿಕ್ ಲಂಡನ್ ಸ್ಕೂಲ್ ಆಫ್ ಎಕನಾಮಿಕ್ಸ್‌ಗೆ. ಇಬ್ಬರೂ ಒಂದೇ ಪ್ರೈಮರಿ ಶಾಲೆಯವರು, ಆಮೇಲೆ ದೂರವಾಗಿದ್ದರು. ಮಿಕ್ ಕಂಕುಳಲ್ಲಿ ಎರಡು ಎಲ್‌ಪಿ: ಚಕ್ ಬೆರಿಯ ‘ರಾಕಿನ್ ಅಟ್ ದ ಹಾಪ್ಸ್’, ಇನ್ನೊಂದು ‘ದ ಬೆಸ್ಟ್ ಆಫ್ ಮಡ್ಡಿ ವಾಟರ್ಸ್’.

ಇಲ್ಲೊಂದು ಸ್ವಾರಸ್ಯವಿದೆ. 1962ರ ಏಪ್ರಿಲ್‌ನಲ್ಲಿ ಕೀತ್ ತಮ್ಮ ಪ್ಯಾಟಿ ಆಂಟಿಗೆ ಒಂದು ಕಾಗದ ಬರೆದಿದ್ದರು. ಭೇಟಿಯಾದ ಕೆಲವೇ ತಿಂಗಳ ನಂತರದ ಮಾತು. ಅದರಲ್ಲಿ ಚಕ್ ಬೆರಿ ರೆಕಾರ್ಡು ಇದ್ದದ್ದು ನನ್ನ ಕೈಯಲ್ಲೇ, ಅದನ್ನು ನೋಡಿ ಹಳೇ ಶಾಲೆಯ ಹುಡುಗ ಹತ್ತಿರ ಬಂದ ಎಂದಿದೆ! ಸುತ್ತಮುತ್ತ ಎಲ್ಲೂ ತನ್ನಂಥ ಚಕ್ ಬೆರಿ ಹುಚ್ಚರಿಲ್ಲ ಅಂದುಕೊಂಡಿದ್ದೆ ಎಂದೂ ಬರೆದಿದ್ದಾರೆ. ರೆಕಾರ್ಡು ಯಾರ ಕೈಯಲ್ಲಿದ್ದರೇನು, ಮಾತು ಶುರುವಾಗಿದ್ದು ಅದರಿಂದ.

2015ರಲ್ಲಿ ಸ್ಟೇಷನ್‌ನಲ್ಲಿ ನೀಲಿ ಫಲಕ ಹಾಕಿದರು. ಅದರ ಮೇಲೆ ಬ್ಯಾಂಡ್ ಕಟ್ಟಿದ್ದು ಇವರಿಬ್ಬರು ಎಂಬರ್ಥದ ಮಾತಿತ್ತು. ಬ್ಯಾಂಡಿನ ಹಳೇ ಬೇಸ್ ವಾದಕ ಬಿಲ್ ವೈಮನ್ ಸಿಟ್ಟಾದರು. ಕಟ್ಟಿದ್ದು ಬ್ಯಾಂಡಿನ ಇನ್ನೊಬ್ಬ ಗಿಟಾರ್ ವಾದಕ ಬ್ರಯನ್ ಜೋನ್ಸ್ ಅನ್ನುವುದು ಅವರ ಮಾತು, ಅದು ನ್ಯಾಯವೂ ಹೌದು.

ಆ ಎರಡು ಎಲ್‌ಪಿಗಳಲ್ಲಿ ಅಂಥದ್ದೇನಿತ್ತು?

ಬ್ಯಾಂಡಿನ ಅರ್ಧ ಜಾತಕ.

ಮಡ್ಡಿ ವಾಟರ್ಸ್ ಎಲ್‌ಪಿ 1958ರದ್ದು. ಅದರಲ್ಲಿ 1950ರ ‘ರೋಲಿನ್ ಸ್ಟೋನ್’ ಇದೆ. 1962ರಲ್ಲಿ ಬ್ರಯನ್ ಜೋನ್ಸ್ ‘ಜಾಝ್ ನ್ಯೂಸ್’ ಪತ್ರಿಕೆಗೆ ಫೋನ್ ಮಾಡಿ ಕಾರ್ಯಕ್ರಮದ ವಿವರ ಕೊಡುತ್ತಿದ್ದಾಗ ಬ್ಯಾಂಡ್ ಹೆಸರೇನು ಎಂದು ಕೇಳಿದರಂತೆ. ನೆಲದ ಮೇಲೆ ಈ ಎಲ್‌ಪಿ ಬಿದ್ದಿತ್ತು. ಕಣ್ಣಿಗೆ ಬಿದ್ದ ಹಾಡಿನ ಹೆಸರೇ ಬ್ಯಾಂಡಿನ ಹೆಸರಾಯಿತು. ಅದೇ ಎಲ್‌ಪಿಯ ‘ಐ ಜಸ್ಟ್ ವಾಂಟ್ ಟು ಮೇಕ್ ಲವ್ ಟು ಯೂ’ ಸ್ಟೋನ್ಸ್‌ನ ಮೊದಲ ಆಲ್ಬಂಗೆ ಹೋಯಿತು. ‘ಐ ಕಾಂಟ್ ಬಿ ಸ್ಯಾಟಿಸ್ಫೈಡ್’ ಎರಡನೆಯದಕ್ಕೆ. ಈ ಕೊನೆಯ ಹಾಡಿನ ಹೆಸರು ಸ್ವಲ್ಪ ನೆನಪಿಟ್ಟುಕೊಳ್ಳಿ.

ಚಕ್ ಬೆರಿ ಎಲ್‌ಪಿ 1960ರದ್ದು. ಅದರಿಂದ ‘ಬೈ ಬೈ ಜಾನಿ’, ‘ಕನ್ಫೆಸಿನ್ ದ ಬ್ಲೂಸ್’, ‘ಡೌನ್ ದ ರೋಡ್ ಎ ಪೀಸ್’ ಮೂರನ್ನೂ 1963-64ರಲ್ಲೇ ರೆಕಾರ್ಡ್ ಮಾಡಿದರು. ‘ಲೆಟ್ ಇಟ್ ರಾಕ್’ 1971ರಲ್ಲಿ ಬಂತು, ಅದೂ ಬ್ರಿಟನ್‌ನಲ್ಲಿ ‘ಬ್ರೌನ್ ಶುಗರ್’ ಸಿಂಗಲ್‌ನ ಹಿಂಬದಿಯಲ್ಲಿ. ಹತ್ತು ವರ್ಷವಾದರೂ ಆ ಎಲ್‌ಪಿಯ ಋಣ ತೀರಿರಲಿಲ್ಲ.

ಚಕ್ ಬೆರಿಯಿಂದ ಕೀತ್ ಕಲಿತಿದ್ದು ನಿಜವಾಗಿ ಏನು?

ಎಲ್ಲರೂ ‘ಜಾನಿ ಬಿ. ಗುಡ್’ ಶುರುವಿನ ಆ ಗಿಟಾರ್ ತುಣುಕನ್ನೇ ಹೇಳುತ್ತಾರೆ. ಎರಡು ತಂತಿ ಒಟ್ಟಿಗೆ ಮೀಟುವುದು, ಒಂದನ್ನು ಎಳೆದು ಇನ್ನೊಂದರ ಸ್ವರಕ್ಕೆ ಸೇರಿಸುವುದು. ಅದನ್ನೂ ಕೀತ್ ಕಲಿತರು. ಆದರೆ ಅದು ಚಕ್ ಬೆರಿಯದ್ದೂ ಅಲ್ಲ. ಲೂಯಿ ಜಾರ್ಡನ್‌ನ 1946ರ ‘ಏಂಟ್ ದಟ್ ಜಸ್ಟ್ ಲೈಕ್ ಎ ವುಮನ್’ ಹಾಕಿ ಕೇಳಿ. ಕಾರ್ಲ್ ಹೋಗನ್ ಅನ್ನುವ ಗಿಟಾರ್ ವಾದಕ ಹೆಚ್ಚುಕಮ್ಮಿ ಅದನ್ನೇ ನುಡಿಸಿದ್ದಾನೆ, 12 ವರ್ಷ ಮೊದಲು. ಬ್ಲೂಸ್ ಗಿಟಾರ್ ವಾದಕ ಟಿ-ಬೋನ್ ವಾಕರ್ ಕೇಳಿದರೆ ಉಳಿದಿದ್ದೂ ಸಿಗುತ್ತದೆ.

ನನ್ನ ಪ್ರಕಾರ ದೊಡ್ಡ ಪಾಠ ಕೆಳಗಿನ ತಂತಿಗಳಲ್ಲಿದೆ. ಬೂಗಿ-ವೂಗಿ ಪಿಯಾನೋದಲ್ಲಿ ಎಡಗೈ ಮಾಡುವ ಕೆಲಸವನ್ನು ಬೆರಿ ಗಿಟಾರಿನ ಎರಡು ದಪ್ಪ ತಂತಿಗಳಿಗೆ ತಂದರು. ಡಗ್ ಡಗ್ ಡಗ್ ಡಗ್ ಎಂದು ನೇರವಾಗಿ ಹೋಗುತ್ತದೆ. ಹಿಂದೆ ಡ್ರಮ್ಮರ್ ಮಾತ್ರ ಜಾಝ್‌ನವನು. ಅವನ ಹೊಡೆತ ನೇರ ಅಲ್ಲ, ಸ್ವಲ್ಪ ತೂಗಾಡುತ್ತದೆ. ಗಿಟಾರ್ ನೇರ, ಡ್ರಮ್ ಓರೆ. ಎರಡೂ ಪೂರ್ತಿ ಹೊಂದುವುದಿಲ್ಲ, ಪೂರ್ತಿ ಬಿಡುವುದೂ ಇಲ್ಲ. ಕಾಲು ತಾನಾಗೇ ಅಲ್ಲಾಡುವುದು ಈ ಎಳೆದಾಟಕ್ಕೆ. ರಾಕ್ ಎಲ್ಲರಿಗೂ ಬರುತ್ತೆ, ರೋಲ್ ಮರೆತುಬಿಟ್ಟಿದ್ದಾರೆ ಎಂದು ಕೀತ್ ಆಗಾಗ ಹೇಳುವುದು ಇದನ್ನೇ. 1963ರ ಜನವರಿಯಲ್ಲಿ ಚಾರ್ಲಿ ವಾಟ್ಸ್ ಬ್ಯಾಂಡಿಗೆ ಬಂದಾಗ ಇವರಿಗೂ ಜಾಝ್ ಕೈಯ ಡ್ರಮ್ಮರ್ ಸಿಕ್ಕ. ಅಲ್ಲಿಂದ ಸ್ಟೋನ್ಸ್ ಸದ್ದಿಗೆ ಒಂದು ತೂಕ ಬಂತು.

ಬರವಣಿಗೆಯ ಪಾಠವೂ ಇದೆ. ಬೆರಿ ಹಾಡುಗಳಲ್ಲಿ ಕಾರಿನ ಮಾಡೆಲ್ ಇರುತ್ತದೆ, ಟೆಲಿಫೋನ್ ಆಪರೇಟರ್ ಇರುತ್ತಾಳೆ, ಶಾಲೆಯ ಗಂಟೆ ಇರುತ್ತದೆ. ಮೂರು ನಿಮಿಷದೊಳಗೆ ಒಂದು ಕಥೆ ಮುಗಿಯುತ್ತದೆ. ಪದಗಳು ಡ್ರಮ್‌ನ ಹಾಗೇ ಬೀಳುತ್ತವೆ. ಈ ಪಾಠ ಕೀತ್‌ಗಿಂತ ಮಿಕ್‌ಗೆ ಜಾಸ್ತಿ ಹತ್ತಿತು ಅನ್ನಬಹುದು.

ಜಿಮ್ಮಿ ರೀಡ್ ಹೆಸರು ಯಾಕೆ ಅಷ್ಟು ಬರುತ್ತದೆ? ಅವರ ಹಾಡೆಲ್ಲ ಒಂದೇ ಥರ ಇದೆಯಲ್ಲ?

ಅದೇ ವಿಷಯ. ಒಂದೇ ಥರ ಇರುವ ಹಾಡನ್ನು ಸಾಕೆನ್ನದೆ ಕೇಳುವ ಹಾಗೆ ಮಾಡುವುದು ಹೇಗೆ?

1962ರ ಚಳಿಗಾಲ. ಲಂಡನ್‌ನ ಚೆಲ್ಸಿಯಲ್ಲಿ ಈಡಿತ್ ಗ್ರೋವ್ ಎಂಬ ಬೀದಿ. ಮಿಕ್, ಕೀತ್, ಬ್ರಯನ್ ಒಂದು ಕೊಳಕು ಮನೆಯಲ್ಲಿದ್ದರು. ಇಂಗ್ಲೆಂಡ್ ಕಂಡ ಅತಿ ಕೆಟ್ಟ ಚಳಿಗಾಲಗಳಲ್ಲಿ ಅದೂ ಒಂದು. ಹೀಟರ್ ಉರಿಯಬೇಕಾದರೆ ಮೀಟರಿಗೆ ಚಿಲ್ಲರೆ ಕಾಸು ಹಾಕಬೇಕು. ಬೇರೆಯವರ ಪಾರ್ಟಿಯಿಂದ ಖಾಲಿ ಬಿಯರ್ ಬಾಟಲಿ ಎತ್ತಿಕೊಂಡು ಹೋಗಿ ಮಾರಿದ್ದೂ ಉಂಟು. ಮಿಕ್ ಇನ್ನೂ ಕಾಲೇಜಿಗೆ ಹೋಗುತ್ತಿದ್ದರು. ಕೀತ್ ಮತ್ತು ಬ್ರಯನ್‌ಗೆ ಹೋಗಲು ಎಲ್ಲೂ ಇಲ್ಲ. ಇಬ್ಬರೂ ದಿನವಿಡೀ ಜಿಮ್ಮಿ ರೀಡ್ ರೆಕಾರ್ಡು ಹಾಕಿಕೊಂಡು ಕೂರುತ್ತಿದ್ದರು. ಮುಳ್ಳು ಎತ್ತುವುದು, ಹಿಂದಕ್ಕೆ ಇಡುವುದು, ಮತ್ತೆ ಕೇಳುವುದು.

ರೀಡ್ ರೆಕಾರ್ಡುಗಳಲ್ಲಿ ಎರಡು ಗಿಟಾರ್ ಇರುತ್ತವೆ. ಒಂದು ರೀಡ್‌ದು, ಇನ್ನೊಂದು ಅವರ ಗೆಳೆಯ ಎಡ್ಡಿ ಟೇಲರ್‌ದು. ಯಾವುದು ಯಾರದ್ದು ಎಂದು ಬಿಡಿಸುವುದು ಕಷ್ಟ. ಒಬ್ಬ ಮುಂದೆ, ಒಬ್ಬ ಹಿಂದೆ ಅನ್ನುವ ಲೆಕ್ಕವೇ ಇಲ್ಲ. ಕೀತ್ ಮತ್ತು ಬ್ರಯನ್ ಇದನ್ನು ಬಿಡಿಸಿ ಬಿಡಿಸಿ ಕಲಿತರು. ಕೀತ್ ಇದನ್ನು ನೇಯ್ಗೆ ಎಂದೇ ಕರೆಯುತ್ತಾರೆ. ಮುಂದೆ ಬ್ಯಾಂಡಿಗೆ ಬಂದ ಗಿಟಾರ್ ವಾದಕ ರಾನಿ ವುಡ್ ಜತೆ ದಶಕಗಟ್ಟಲೆ ನುಡಿಸಿದ್ದೂ ಇದೇ ಲೆಕ್ಕದಲ್ಲಿ.

ಒಂದು ಸಣ್ಣ ಗುಟ್ಟು ಮಾತ್ರ ರೆಕಾರ್ಡ್ ಕೇಳಿ ಸಿಗಲಿಲ್ಲ. ಬ್ಲೂಸ್‌ನಲ್ಲಿ ಪಂಚಮದ ಕಾರ್ಡ್ (ಒಟ್ಟಿಗೆ ಮೀಟುವ ಸ್ವರಗಳ ಗುಂಪು) ಬರುವ ಜಾಗ ಬಂದಾಗ ರೀಡ್ ಏನೋ ಬೇರೆ ಮಾಡುತ್ತಿದ್ದರು. ಪೂರ್ತಿ ಕಾರ್ಡ್ ಹಿಡಿಯುತ್ತಲೇ ಇರಲಿಲ್ಲ. ಇ ಶ್ರುತಿಯಲ್ಲಿದ್ದಾಗ ಎ ತಂತಿಯನ್ನು ಸುಮ್ನೆ ಖಾಲಿ ಬಿಟ್ಟು, ಡಿ ತಂತಿಯ ಮೇಲೆ ಒಂದೇ ಬೆರಳು ಜಾರಿಸುತ್ತಿದ್ದರು. ಲೆಕ್ಕದ ಪ್ರಕಾರ ಅದು ಅಪಸ್ವರ, ಕೇಳಲು ಮಾತ್ರ ನೆಮ್ಮದಿ. ಇದನ್ನು ಕೀತ್‌ಗೆ ತೋರಿಸಿಕೊಟ್ಟಿದ್ದು ಬಾಬಿ ಗೋಲ್ಡ್ಸ್‌ಬರೊ, ಆಮೇಲೆ ‘ಹನಿ’ಯಂಥ ಕಣ್ಣೀರಿನ ಪಾಪ್ ಹಾಡಿಗೆ ಹೆಸರಾದ ಗಾಯಕ. ಯಾರಿಂದ ಏನು ಸಿಗುತ್ತೋ ಹೇಳೋಕಾಗಲ್ಲ.

ಬೋ ಡಿಡ್ಲಿ?

ಈ ಅಮೆರಿಕನ್ ಗಾಯಕ-ಗಿಟಾರ್ ವಾದಕರಿಂದ ಬಂದಿದ್ದು ಲಯ. 1955ರಲ್ಲಿ ತನ್ನದೇ ಹೆಸರಿನ ಹಾಡಿನಿಂದ ಬಂದ ಆ ಕುಂಟುವ ಹೊಡೆತ, ಜತೆಗೆ ಜೆರೋಮ್ ಗ್ರೀನ್ ಅಲ್ಲಾಡಿಸುವ ಮರಾಕಸ್, ಅಂದರೆ ಗಿಲಕಿ. ಕಾರ್ಡ್ ಬದಲಾಗದೇ ಇದ್ದರೂ ಹಾಡು ಓಡುತ್ತದೆ ಅನ್ನುವುದನ್ನು ತೋರಿಸಿದವರು ಇವರು. ಸ್ಟೋನ್ಸ್ 1964ರಲ್ಲಿ ಬಡ್ಡಿ ಹಾಲಿಯ ‘ನಾಟ್ ಫೇಡ್ ಅವೇ’ ಎತ್ತಿಕೊಂಡು ಅದನ್ನು ಪೂರ್ತಿ ಬೋ ಡಿಡ್ಲಿ ಹೊಡೆತಕ್ಕೆ ಕೂರಿಸಿದರು. ಬ್ರಿಟನ್‌ನಲ್ಲಿ ಮೂರನೇ ಸ್ಥಾನಕ್ಕೆ ಹೋಯಿತು. ಹಾಡು ಬೇರೆಯವರದ್ದು, ಹೊಡೆತ ಇನ್ನೊಬ್ಬರದ್ದು. ಕೀತ್ ಅದನ್ನು ಕೂರಿಸಿದ ರೀತಿ ನೋಡಿಯೇ ಇವರು ಹಾಡು ಬರೆಯಬಲ್ಲರು ಎಂದು ಮ್ಯಾನೇಜರ್ ಆಂಡ್ರೂ ಲೂಗ್ ಓಲ್ಡಮ್‌ಗೆ ಅನ್ನಿಸಿತಂತೆ.

ಬೇರೆಯವರ ಹಾಡು ಹಾಡುತ್ತಿದ್ದವರು ಸ್ವಂತ ಹಾಡಿಗೆ ಬಂದಿದ್ದು ಹೇಗೆ?

ಒತ್ತಾಯಕ್ಕೆ. 1963ರ ಜೂನ್‌ನಲ್ಲಿ ಬಂದ ಮೊದಲ ಸಿಂಗಲ್ ‘ಕಮ್ ಆನ್’ ಚಕ್ ಬೆರಿಯದ್ದು. ಅದರಲ್ಲಿದ್ದ ಒಂದು ಬೈಗುಳವನ್ನು ರೇಡಿಯೋದವರಿಗೆ ಹೆದರಿ ಸಪ್ಪೆ ಮಾಡಿದ್ದರು. 21ನೇ ಸ್ಥಾನಕ್ಕೆ ಹೋಯಿತು. ಬ್ಯಾಂಡಿನವರಿಗೇ ಅದು ಇಷ್ಟವಿರಲಿಲ್ಲ, ಸ್ಟೇಜಿನ ಮೇಲೆ ನುಡಿಸಲು ಒಪ್ಪುತ್ತಿರಲಿಲ್ಲ. ಎರಡನೇ ಸಿಂಗಲ್ ಲೆನನ್ ಮತ್ತು ಮೆಕಾರ್ಟ್ನಿ ಕೊಟ್ಟ ಹಾಡು. ಹೀಗೇ ಹೋದರೆ ಆರ್ ಅಂಡ್ ಬಿ ಕಪಾಟು ಬೇಗ ಖಾಲಿಯಾಗುತ್ತದೆ, ಬರೆದವರಿಗೆ ಬರುವ ದುಡ್ಡೂ ಕೈತಪ್ಪುತ್ತದೆ ಅನ್ನುವುದು ಓಲ್ಡಮ್ ಲೆಕ್ಕ. ಮಿಕ್, ಕೀತ್ ಇಬ್ಬರನ್ನೂ ಅಡುಗೆಮನೆಯಲ್ಲಿ ಕೂಡಿಹಾಕಿ, ಹಾಡು ಬರೆಯದೆ ಹೊರಗೆ ಬರಬೇಡಿ ಎಂದನಂತೆ. ಬೀಗ ಹಾಕಿದ್ದನೋ ಇಲ್ಲವೋ, ಇಬ್ಬರೂ ಇದನ್ನು ಹೇಳಿಕೊಂಡು ನಕ್ಕಿದ್ದಾರೆ.

ಮೊದಮೊದಲು ಬಂದಿದ್ದೆಲ್ಲ ಮೆತ್ತನೆಯ ಪ್ರೇಮಗೀತೆ. ಬೇರೆ ಗಾಯಕರಿಗೆ ಕೊಟ್ಟರು. ಬ್ಲೂಸ್ ಬ್ಯಾಂಡಿನ ಮುಂದೆ ಇವನ್ನು ಒಯ್ಯಲು ಮುಖ ಇರಲಿಲ್ಲ. ತಾವೇ ನುಡಿಸಬಹುದು ಎಂದು ಧೈರ್ಯ ಬಂದಿದ್ದು 1965ರ ‘ದ ಲಾಸ್ಟ್ ಟೈಮ್’ಗೆ. ಅದರ ಪಲ್ಲವಿ ಸ್ಟೇಪಲ್ ಸಿಂಗರ್ಸ್ ಹಾಡಿದ್ದ ಒಂದು ಚರ್ಚ್ ಹಾಡಿನಿಂದ ಬಂದಿದ್ದು. ಕೀತ್ ಅದನ್ನು ಮುಚ್ಚಿಟ್ಟಿಲ್ಲ. ಆದರೆ ಅದರ ಮೇಲೆ ಕೂರಿಸಿದ ರಿಫ್ ಇದೆಯಲ್ಲ, ಹಾಡಿನ ಉದ್ದಕ್ಕೂ ಬಿಡದೆ ತಿರುಗುವ ಆ ಗಿಟಾರ್ ತುಣುಕು, ಅದು ಇವರದ್ದು.

‘ಸ್ಯಾಟಿಸ್ಫ್ಯಾಕ್ಷನ್’ ನಿದ್ದೆಯಲ್ಲಿ ಬಂದಿದ್ದಂತೆ. ಅದರಲ್ಲೂ ಹಳೇ ರೆಕಾರ್ಡ್ ಇದೆಯೇ?

ಇದೆ, ಒಂದಲ್ಲ ಮೂರ್ನಾಲ್ಕು.

ಕೀತ್ ಹೇಳುವ ಪ್ರಕಾರ ರಾತ್ರಿ ಎದ್ದು ಹಾಸಿಗೆ ಪಕ್ಕದ ಫಿಲಿಪ್ಸ್ ಕ್ಯಾಸೆಟ್ ರೆಕಾರ್ಡರಿನಲ್ಲಿ ರಿಫ್ ನುಡಿಸಿ ಮಲಗಿಬಿಟ್ಟರು. ಬೆಳಿಗ್ಗೆ ಕೇಳಿದರೆ ಸ್ವಲ್ಪ ಹೊತ್ತು ಗಿಟಾರ್, ಮಿಕ್ಕಿದ್ದೆಲ್ಲ ಗೊರಕೆ. ಜತೆಗೆ ಶೀರ್ಷಿಕೆಯ ಸಾಲು, ‘ಐ ಕಾಂಟ್ ಗೆಟ್ ನೋ ಸ್ಯಾಟಿಸ್ಫ್ಯಾಕ್ಷನ್’. ಈಗ ಆ ಮಡ್ಡಿ ವಾಟರ್ಸ್ ಹಾಡಿನ ಹೆಸರು ನೆನಪಿಸಿಕೊಳ್ಳಿ. ಚಕ್ ಬೆರಿಯ ‘ಥರ್ಟಿ ಡೇಸ್’ ಹಾಡಲ್ಲೂ ಜಡ್ಜ್‌ನಿಂದ ಸ್ಯಾಟಿಸ್ಫ್ಯಾಕ್ಷನ್ ಸಿಗದಿದ್ದರೆ ಅನ್ನುವ ಮಾತಿದೆ. ಸಾಹಿತ್ಯವನ್ನು ಮಿಕ್ ಬರೆದಿದ್ದು 1965ರ ಮೇ ತಿಂಗಳಲ್ಲಿ, ಫ್ಲಾರಿಡಾದ ಕ್ಲಿಯರ್‌ವಾಟರ್‌ನಲ್ಲಿ, ಹೋಟೆಲ್ ಈಜುಕೊಳದ ಪಕ್ಕ. ಕೆಲವೇ ದಿನಗಳಲ್ಲಿ ಶಿಕಾಗೋದ ಚೆಸ್ ಸ್ಟುಡಿಯೋದಲ್ಲಿ ಒಂದು ಸಲ ಪ್ರಯತ್ನಿಸಿದರು, ಕೂಡಲಿಲ್ಲ. ಎರಡು ದಿನದ ನಂತರ ಹಾಲಿವುಡ್‌ನ ಆರ್‌ಸಿಎ ಸ್ಟುಡಿಯೋದಲ್ಲಿ ಆಯಿತು.

ಆ ಒರಟು, ಗೊರಗೊರ ಸದ್ದು ಬಂದಿದ್ದು ಗಿಬ್ಸನ್‌ನವರ ಮೇಸ್ಟ್ರೋ ಫಜ್ ಪೆಡಲ್‌ನಿಂದ. ಕೀತ್‌ಗೆ ಅದು ಬೇಕಿರಲೇ ಇಲ್ಲ. ಅವರ ತಲೆಯಲ್ಲಿದ್ದದ್ದು ಸೋಲ್ ರೆಕಾರ್ಡುಗಳ ಹಾಗೆ ಸ್ಯಾಕ್ಸೋಫೋನ್, ಟ್ರಂಪೆಟ್ ಗುಂಪು. ಅವರು ಏನು ಊದಬೇಕು ಅನ್ನುವುದಕ್ಕೆ ಗುರುತು ಹಾಕಿಕೊಂಡಿದ್ದಷ್ಟೇ ಈ ಗಿಟಾರ್. ಮಾರ್ಥಾ ಅಂಡ್ ದ ವ್ಯಾಂಡೆಲ್ಲಾಸ್‌ನ ‘ಡ್ಯಾನ್ಸಿಂಗ್ ಇನ್ ದ ಸ್ಟ್ರೀಟ್’ ಹಾಗೇ ಕೇಳುತ್ತದೇನೋ ಅನ್ನುವ ಅಳುಕೂ ಇತ್ತು. ಸಿಂಗಲ್ ಮಾಡುವುದು ಬೇಡ ಎಂದರು. ಉಳಿದವರು ಕೇಳಲಿಲ್ಲ. ಅಮೆರಿಕದಲ್ಲಿ ನಾಲ್ಕು ವಾರ ಮೊದಲ ಸ್ಥಾನದಲ್ಲಿತ್ತು. ಅದೇ ವರ್ಷ ಓಟಿಸ್ ರೆಡ್ಡಿಂಗ್ ಅದನ್ನು ಸ್ಯಾಕ್ಸ್, ಟ್ರಂಪೆಟ್ ಹಾಕಿಯೇ ಹಾಡಿದರು. ಕೀತ್ ತಲೆಯಲ್ಲಿದ್ದ ಹಾಡು ಕೇಳಬೇಕಾದರೆ ಅದನ್ನು ಕೇಳಿ.

ಚೆಸ್ ಸ್ಟುಡಿಯೋದಲ್ಲಿ ಮಡ್ಡಿ ವಾಟರ್ಸ್ ಸುಣ್ಣ ಬಳಿಯುತ್ತಿದ್ದರು ಅನ್ನೋದು ಹೌದಾ?

1964ರ ಜೂನ್‌ನಲ್ಲಿ ಮೊದಲ ಅಮೆರಿಕ ಪ್ರವಾಸದ ಮಧ್ಯೆ ಸ್ಟೋನ್ಸ್ ಶಿಕಾಗೋದ 2120 ಸೌತ್ ಮಿಶಿಗನ್ ಅವೆನ್ಯೂಗೆ ಹೋದರು. ತಾವು ಕೇಳಿ ಬೆಳೆದ ರೆಕಾರ್ಡುಗಳು ತಯಾರಾಗಿದ್ದ ಕೋಣೆ. ಮೈಕ್ ಎಲ್ಲಿಡಬೇಕು ಎಂದು ಗೊತ್ತಿದ್ದ ಎಂಜಿನಿಯರ್ ರಾನ್ ಮಾಲೋ ಸಿಕ್ಕರು. ‘ಇಟ್ಸ್ ಆಲ್ ಓವರ್ ನೌ’ ಅಲ್ಲೇ ಆಯಿತು, ಅದು ಬ್ರಿಟನ್‌ನಲ್ಲಿ ಇವರ ಮೊದಲ ನಂಬರ್ ಒನ್. ಸ್ಟುಡಿಯೋ ವಿಳಾಸವನ್ನೇ ಒಂದು ವಾದ್ಯ ತುಣುಕಿಗೆ ಹೆಸರಿಟ್ಟರು.

ಒಳಗೆ ಹೋದರೆ ಏಣಿ ಮೇಲೆ ಬಿಳಿ ಬಟ್ಟೆ ಹಾಕಿಕೊಂಡು ಛಾವಣಿಗೆ ಬಣ್ಣ ಬಳಿಯುತ್ತಿದ್ದವರು ಮಡ್ಡಿ ವಾಟರ್ಸ್ ಎಂದು ಕೀತ್ ಹೇಳುತ್ತಲೇ ಬಂದಿದ್ದಾರೆ. ಅಂಥದ್ದೇನೂ ನಡೆದಿಲ್ಲ ಎಂದು ಮಾರ್ಷಲ್ ಚೆಸ್ ಹೇಳುತ್ತಾರೆ. ಬಿಲ್ ವೈಮನ್ ನೆನಪಿನಲ್ಲಿ ಇರುವುದು, ಸ್ಟೋನ್ಸ್ ಸಾಮಾನು ಒಳಗೆ ತರಲು ಮಡ್ಡಿ ಕೈಹಾಕಿದರು ಎಂದು. ನನಗೆ ವೈಮನ್ ಮಾತು ನಂಬಿಕೆಯಾಗುತ್ತದೆ, ಅವರು ಎಲ್ಲವನ್ನೂ ಬರೆದಿಡುವ ಮನುಷ್ಯ. ಆದರೆ ಕೀತ್ ಕಥೆಯ ಹಿಂದಿನ ನೋವು ಸುಳ್ಳಲ್ಲ. ಇವರು ದೇವರೆಂದುಕೊಂಡಿದ್ದ ಕಲಾವಿದರನ್ನು ಅವರದೇ ದೇಶದ ಬಿಳಿ ಹುಡುಗರು ಕೇಳಿಯೇ ಇರಲಿಲ್ಲ. 1965ರ ಮೇನಲ್ಲಿ ಅಮೆರಿಕದ ಟಿವಿ ಕಾರ್ಯಕ್ರಮ ‘ಶಿಂಡಿಗ್’ಗೆ ಕರೆದಾಗ ಶಿಕಾಗೋ ಬ್ಲೂಸ್ ಗಾಯಕ ಹೌಲಿನ್ ವುಲ್ಫ್ ಕೂಡ ಇರಬೇಕು ಎಂದು ಸ್ಟೋನ್ಸ್ ಹಟ ಹಿಡಿದರು. ವುಲ್ಫ್ ಹಾಡುವಾಗ ಇವರು ಹುಡುಗರ ಹಾಗೆ ಸುತ್ತ ಕೂತು ಕೇಳಿದರು.

ಇದೆಲ್ಲ ಕಳ್ಳತನ ಅಲ್ವಾ?

ಕೆಲವು ಕಡೆ, ಹೌದು. ಸುತ್ತಿಬಳಸಿ ಹೇಳುವುದರಲ್ಲಿ ಅರ್ಥವಿಲ್ಲ.

ಶೈಲಿ ಕಲಿಯುವುದು ಬೇರೆ. ಚಕ್ ಬೆರಿ ಕಾರ್ಲ್ ಹೋಗನ್‌ನಿಂದ ತೆಗೆದುಕೊಂಡರು, ಕೀತ್ ಚಕ್ ಬೆರಿಯಿಂದ ತೆಗೆದುಕೊಂಡರು. 1986ರಲ್ಲಿ ಬೆರಿಯನ್ನು ರಾಕ್ ಅಂಡ್ ರೋಲ್ ಹಾಲ್ ಆಫ್ ಫೇಮ್‌ಗೆ ಸೇರಿಸುವ ಭಾಷಣದಲ್ಲಿ, ಈತ ನುಡಿಸಿದ ಪ್ರತಿಯೊಂದನ್ನೂ ನಾನು ಎತ್ತಿಕೊಂಡಿದ್ದೇನೆ ಎಂದು ಕೀತ್ ನಗುತ್ತಾ ಒಪ್ಪಿಕೊಂಡರು. ಅದರಲ್ಲಿ ತಪ್ಪೇನಿಲ್ಲ.

ಲೇಬಲ್ ಮೇಲೆ ಯಾರ ಹೆಸರು ಬರುತ್ತದೆ ಅನ್ನುವುದು ಇನ್ನೊಂದು. ದುಡ್ಡು ಹೋಗುವುದು ಆ ಹೆಸರಿಗೆ. 1968ರ ‘ಬೆಗರ್ಸ್ ಬ್ಯಾಂಕ್ವೆಟ್’ ಆಲ್ಬಂನಲ್ಲಿದ್ದ ‘ಪ್ರಾಡಿಗಲ್ ಸನ್’ ರೆವರೆಂಡ್ ರಾಬರ್ಟ್ ವಿಲ್ಕಿನ್ಸ್ ಅವರ ಹಾಡು. ಮೊದಲ ಪ್ರತಿಗಳಲ್ಲಿ ಜ್ಯಾಗರ್/ರಿಚರ್ಡ್ಸ್ ಎಂದಿತ್ತು, ಆಮೇಲೆ ಸರಿಮಾಡಿದರು. ‘ದ ಲಾಸ್ಟ್ ಟೈಮ್’ ಮೇಲೆ ಸ್ಟೇಪಲ್ಸ್ ಹೆಸರು ಬರಲೇ ಇಲ್ಲ. ಅದಕ್ಕೊಂದು ಬಾಲವಿದೆ. ಆ ಹಾಡಿನ ಆರ್ಕೆಸ್ಟ್ರಾ ರೂಪದ ತುಣುಕನ್ನು 1997ರಲ್ಲಿ ‘ದ ವರ್ವ್’ ಬ್ಯಾಂಡ್ ‘ಬಿಟರ್ ಸ್ವೀಟ್ ಸಿಂಫನಿ’ಯಲ್ಲಿ ಬಳಸಿತು. ಜಗಳವಾಗಿ, ರಿಚರ್ಡ್ ಆಶ್‌ಕ್ರಾಫ್ಟ್ ಬರೆದ ಸಾಹಿತ್ಯದ ಹಕ್ಕೂ ಸೇರಿ ಎಲ್ಲವೂ ಇವರ ಪಾಲಾಯಿತು. 2019ರಲ್ಲಿ ಮಿಕ್ ಮತ್ತು ಕೀತ್ ಅದನ್ನು ಆಶ್‌ಕ್ರಾಫ್ಟ್‌ಗೆ ಬಿಟ್ಟುಕೊಟ್ಟರು. ಚರ್ಚ್‌ನಿಂದ ಬಂದ ರಾಗಕ್ಕೆ ಅಷ್ಟು ವರ್ಷ ಬಾಡಿಗೆ ವಸೂಲಿ!

ಇನ್ನೊಂದು ಕಡೆಯೂ ಇದೆ. 1964ರ ಡಿಸೆಂಬರ್‌ನಲ್ಲಿ ‘ಲಿಟ್ಲ್ ರೆಡ್ ರೂಸ್ಟರ್’ ಬ್ರಿಟನ್‌ನಲ್ಲಿ ಮೊದಲ ಸ್ಥಾನಕ್ಕೆ ಹೋಯಿತು. ಪಾಪ್ ಮಾಡದ, ನಿಧಾನದ, ಶುದ್ಧ ಬ್ಲೂಸ್. ಬರೆದವರು ಶಿಕಾಗೋದ ವಿಲ್ಲಿ ಡಿಕ್ಸನ್, ಅವರ ಹೆಸರೇ ಲೇಬಲ್ ಮೇಲಿತ್ತು.

ಚಕ್ ಬೆರಿ ಕೀತ್‌ಗೆ ಹೊಡೆದಿದ್ದು ಯಾಕೆ?

ಕಣ್ಣಿಗೇ ಗುದ್ದಿದ್ದರು. 1981ರಲ್ಲಿ, ನ್ಯೂಯಾರ್ಕ್‌ನ ಒಂದು ಕ್ಲಬ್ಬಿನ ಸ್ಟೇಜ್ ಹಿಂದೆ. ಗಿಟಾರ್ ಮುಟ್ಟಿದ್ದಕ್ಕೆ ಎಂದು ಒಂದು ಕಥೆ, ಭುಜ ಮುಟ್ಟಿದ್ದಕ್ಕೆ ಎಂದು ಇನ್ನೊಂದು. ಆದರೂ 1986ರಲ್ಲಿ ಬೆರಿಗೆ 60 ತುಂಬಿದಾಗ ಸೇಂಟ್ ಲೂಯಿಸ್‌ನ ಫಾಕ್ಸ್ ಥಿಯೇಟರಿನಲ್ಲಿ ನಡೆದ ಕಛೇರಿಗೆ ಬ್ಯಾಂಡ್ ಕಟ್ಟಿಕೊಟ್ಟಿದ್ದು ಕೀತ್. ಅದು ‘ಹೇಲ್! ಹೇಲ್! ರಾಕ್ ’ಎನ್’ ರೋಲ್’ ಎಂಬ ಸಿನಿಮಾ ಆಯಿತು, ನಿರ್ದೇಶನ ಟೇಲರ್ ಹ್ಯಾಕ್‌ಫರ್ಡ್.

ಅದರಲ್ಲಿ ‘ಕ್ಯಾರಲ್’ ಹಾಡಿನ ರಿಹರ್ಸಲ್ ದೃಶ್ಯ ಹುಡುಕಿ ನೋಡಿ. ಸ್ಟೋನ್ಸ್ ತಮ್ಮ ಮೊದಲ ಆಲ್ಬಂನಲ್ಲೇ ಹಾಡಿದ್ದ ಹಾಡು ಅದು, ಕೀತ್ ಅದನ್ನು 20 ವರ್ಷದಿಂದ ನುಡಿಸುತ್ತಿದ್ದರು. ಶುರುವಿನಲ್ಲಿ ಒಂದು ತಂತಿ ಎಳೆಯುವ ಜಾಗವಿದೆ. ಬೆರಿ ನಿಲ್ಲಿಸುತ್ತಾರೆ. ಹಾಗಲ್ಲ, ಹೀಗೆ. ಕೀತ್ ಮತ್ತೆ ನುಡಿಸುತ್ತಾರೆ. ಬೆರಿ ಮತ್ತೆ ನಿಲ್ಲಿಸುತ್ತಾರೆ. ಕ್ಯಾಮೆರಾ ಮುಂದೆ, ಇಡೀ ಬ್ಯಾಂಡಿನ ಮುಂದೆ. ಕೀತ್ ಮುಖದಲ್ಲಿ ಸಿಟ್ಟು ಏರುವುದು, ಅದನ್ನು ನುಂಗುವುದು, ಮತ್ತೆ ತಲೆ ತಗ್ಗಿಸಿ ಶುರುಮಾಡುವುದು ಎಲ್ಲ ಕಾಣುತ್ತದೆ. ಬೇರೆ ಯಾರೇ ಆಗಿದ್ದರೂ ಗಿಟಾರ್ ಇಟ್ಟು ಹೋಗುತ್ತಿದ್ದರು.

ಆ ಕಛೇರಿಯಿಂದ ಆದ ದೊಡ್ಡ ಉಪಕಾರ ಪಿಯಾನೋ ವಾದಕ ಜಾನಿ ಜಾನ್ಸನ್‌ಗೆ. 1952ರ ಡಿಸೆಂಬರ್ 31ರಂದು ತಮ್ಮ ತಂಡದ ಸ್ಯಾಕ್ಸೋಫೋನ್‌ನವರಿಗೆ ಹುಷಾರಿಲ್ಲ ಎಂದು ಬೆರಿಯನ್ನು ಕರೆಸಿಕೊಂಡವರೇ ಜಾನ್ಸನ್. ಬ್ಯಾಂಡ್ ಅವರದ್ದು, ಸೇರಿದವರು ಬೆರಿ! ಚಕ್ ಬೆರಿ ಹಾಡುಗಳು ಗಿಟಾರಿಗೆ ಕಷ್ಟವಾದ, ಪಿಯಾನೋಗೆ ಸಲೀಸಾದ ಇ ಫ್ಲಾಟ್, ಬಿ ಫ್ಲಾಟ್ ಶ್ರುತಿಗಳಲ್ಲಿರುವುದನ್ನು ಕೀತ್ ಗಮನಿಸಿದ್ದರು. ಪಿಯಾನೋ ಮುಂದೆ ಕೂತು ಕಟ್ಟಿದ ಹಾಡುಗಳಿವು ಅನ್ನುವುದು ಅವರ ವಾದ. ಸ್ಟೋನ್ಸ್‌ನ ಪಿಯಾನೋ ವಾದಕ ಇಯನ್ ಸ್ಟೂವರ್ಟ್ ತೀರಿಕೊಳ್ಳುವ ಮುಂಚೆ, ಜಾನಿ ಜಾನ್ಸನ್‌ನ ಮರೀಬೇಡ ಎಂದು ಹೇಳಿದ್ದರಂತೆ. ಜಾನ್ಸನ್ ಆಗ ಸೇಂಟ್ ಲೂಯಿಸ್‌ನಲ್ಲಿ ಬಸ್ಸು ಓಡಿಸುತ್ತಿದ್ದರು. ಕೀತ್ ಕರೆತಂದು ಪಿಯಾನೋ ಮುಂದೆ ಕೂರಿಸಿದರು. 1988ರಲ್ಲಿ ತಮ್ಮ ಸ್ವಂತ ಆಲ್ಬಂಗೂ ಕರೆದರು. 2000ದಲ್ಲಿ ಜಾನ್ಸನ್ ಹಾಡುಗಳಲ್ಲಿ ತಮ್ಮ ಪಾಲು ಕೇಳಿ ಬೆರಿ ಮೇಲೆ ಕೇಸು ಹಾಕಿದರು. ತುಂಬಾ ತಡವಾಯಿತು ಎಂದು ಕೋರ್ಟ್ ವಜಾ ಮಾಡಿತು.

ಸ್ಟೋನ್ಸ್ ಬೆಂಗಳೂರಿಗೆ ಬಂದಿದ್ದರಂತೆ?

ಹೌದು. 2003ರ ಏಪ್ರಿಲ್‌ನಲ್ಲಿ ರೋಲಿಂಗ್ ಸ್ಟೋನ್ಸ್ ಭಾರತದಲ್ಲಿ ಎರಡು ಕಾರ್ಯಕ್ರಮ ಕೊಟ್ಟರು. ಮೊದಲನೆಯದು ಬೆಂಗಳೂರಿನ ಅರಮನೆ ಮೈದಾನದಲ್ಲಿ, ಇನ್ನೊಂದು ಮುಂಬೈಯಲ್ಲಿ.

ಎಲ್ಲಿಂದ ಕೇಳಲು ಶುರುಮಾಡಲಿ?

ಜೋಡಿ ಜೋಡಿಯಾಗಿ ಕೇಳಿ. ಜಿಮ್ಮಿ ರೀಡ್‌ನ ‘ಆನೆಸ್ಟ್ ಐ ಡೂ’, ಆಮೇಲೆ ಸ್ಟೋನ್ಸ್‌ದು. ಸ್ಲಿಮ್ ಹಾರ್ಪೊನ ‘ಐಯಾಮ್ ಎ ಕಿಂಗ್ ಬೀ’, ಆಮೇಲೆ ಸ್ಟೋನ್ಸ್‌ದು. ಎರಡರಲ್ಲೂ ಮೂಲವೇ ಚೆನ್ನಾಗಿದೆ. ಸ್ಲಿಮ್ ಹಾರ್ಪೊ ಇರುವಾಗ ನಮ್ಮದು ಯಾಕೆ ಕೇಳಬೇಕು ಎಂದು ಮಿಕ್ ಜ್ಯಾಗರೇ ಹೇಳಿದ್ದರು. ಆಮೇಲೆ 1972ರ ‘ಎಕ್ಸೈಲ್ ಆನ್ ಮೇನ್ ಸ್ಟ್ರೀಟ್’ನಲ್ಲಿರುವ ‘ಶೇಕ್ ಯುವರ್ ಹಿಪ್ಸ್’ಗೆ ಬನ್ನಿ, ಅದೂ ಹಾರ್ಪೊ ಹಾಡೇ. ಅಲ್ಲಿ ನಕಲು ಅನ್ನಿಸುವುದಿಲ್ಲ. ಕೊನೆಗೆ 2016ರ ‘ಬ್ಲೂ ಅಂಡ್ ಲೋನ್ಸಮ್’. ಮೂರು ದಿನದಲ್ಲಿ ಮುಗಿಸಿದ ಆಲ್ಬಂ, ಒಂದೂ ಸ್ವಂತ ಹಾಡಿಲ್ಲ, ಎಲ್ಲ ಹಳೇ ಬ್ಲೂಸ್. ಗ್ರ್ಯಾಮಿಯೂ ಬಂತು.

ಗಿಟಾರ್ ಸ್ವಲ್ಪ ಬರುತ್ತದೆ. ಕೀತ್ ಥರ ನುಡಿಸುವುದು ಹೇಗೆ?

ಆರನೇ ತಂತಿ, ಅಂದರೆ ಎಲ್ಲಕ್ಕಿಂತ ದಪ್ಪದ್ದು, ಬಿಚ್ಚಿ ತೆಗೆದುಬಿಡಿ. ಐದನೇ ತಂತಿಯನ್ನು ಎ ಇಂದ ಜಿ ಗೆ ಇಳಿಸಿ. ಒಂದನೇ ತಂತಿಯನ್ನು ಇ ಇಂದ ಡಿ ಗೆ ಇಳಿಸಿ. ಮಧ್ಯದ ಮೂರು ಹಾಗೇ ಇರಲಿ. ಈಗ ದಪ್ಪದಿಂದ ಸಣ್ಣಕ್ಕೆ ಮೀಟಿದರೆ ಜಿ ಡಿ ಜಿ ಬಿ ಡಿ. ನಮ್ಮ ಲೆಕ್ಕದಲ್ಲಿ ಸ ಪ ಸ ಗ ಪ. ಇದೇ ಓಪನ್ ಜಿ. ಮಡ್ಡಿ ವಾಟರ್ಸ್ 1948ರ ‘ಐ ಕಾಂಟ್ ಬಿ ಸ್ಯಾಟಿಸ್ಫೈಡ್’ ನುಡಿಸಿದ್ದೂ ಓಪನ್ ಜಿಯಲ್ಲೇ, ಆದರೆ ಅಲ್ಲಿ ಬೆರಳಿಗೆ ಸ್ಲೈಡ್, ಅಂದರೆ ತಂತಿ ಮೇಲೆ ಜಾರಿಸುವ ಕೊಳವೆ, ಹಾಕಿಕೊಂಡಿದ್ದರು. ಅಮೆರಿಕದ ಗಿಟಾರ್ ವಾದಕ ರೈ ಕೂಡರ್ ಮೂಲಕ 1960ರ ದಶಕದ ಕೊನೆಗೆ ಈ ಶ್ರುತಿ ಕೀತ್ ಕೈಗೆ ಬಂತು. ಅವರು ಸ್ಲೈಡ್ ಬಿಟ್ಟು ಇದನ್ನು ರಿದಮ್‌ಗೆ ಇಟ್ಟುಕೊಂಡರು. ‘ಹಾಂಕಿ ಟಾಂಕ್ ವುಮೆನ್’, ‘ಟಂಬ್ಲಿಂಗ್ ಡೈಸ್’, ‘ಸ್ಟಾರ್ಟ್ ಮಿ ಅಪ್’ ಎಲ್ಲ ಈ ಐದು ತಂತಿಯವು.

ತೋರುಬೆರಳನ್ನು ಐದನೇ ಫ್ರೆಟ್ ಮೇಲೆ ಅಡ್ಡ ಮಲಗಿಸಿ, ಅದು ಸಿ. ಬೆರಳು ಎತ್ತದೆ, ನಡುಬೆರಳನ್ನು ಎರಡನೇ ತಂತಿಯ ಆರನೇ ಫ್ರೆಟ್‌ನಲ್ಲಿ, ಉಂಗುರ ಬೆರಳನ್ನು ನಾಲ್ಕನೇ ತಂತಿಯ ಏಳನೇ ಫ್ರೆಟ್‌ನಲ್ಲಿ ಇಡಿ. ಒಂದನೇ ತಂತಿ ಮೀಟಬೇಡಿ. ಅದು ಎಫ್. ಎರಡು ಬೆರಳು ಎತ್ತಿ, ಇಡಿ, ಎತ್ತಿ, ಇಡಿ. ಸದ್ದು ಗುರುತು ಸಿಗುತ್ತದೆ. ಮಧ್ಯೆ ಮಧ್ಯೆ ಕೈ ನಿಲ್ಲಿಸುವುದು ಮಾತ್ರ ಮರೆಯಬೇಡಿ, ಡ್ರಮ್ಮರ್‌ಗೂ ಜಾಗ ಬೇಕು.